ಜರಡಿ ಶೂಟಿಂಗಿನಲ್ಲಿದೆ

ನಮ್ಮ ಕಾಕಾನಂಥ ಸಿನಿಮಾ ನಿರ್ದೇಶಕ ಹಾನಗಲ್ ತಾಲೂಕಿನಲ್ಲೇ ಇನ್ನೊಬ್ಬನಿಲ್ಲ. ಇದ್ದಿದ್ದರೆ ಇನ್ನೊಂದು ಮನೆ ಹಾಳಾಗುತ್ತಿತ್ತು! ಗೊಬ್ಬರದ ಅಂಗಡಿಯನ್ನು ಮಗನಿಗೆ ಒಪ್ಪಿಸಿದ ಮೇಲೆ ಕಾಕಾನಿಗೆ ಪ್ರಯೋಗಾತ್ಮಕ ಚಿತ್ರದ ಹುಚ್ಚು ಹಿಡಿಯಿತು. ಕತೆ ಇಲ್ಲ, ಮನುಷ್ಯರಿಲ್ಲ, ಬರೀ ಮನೆಯ ಸಾಮಾನು. ದಿನಾ ಕಣ್ಣಿಗೆ ಬೀಳುವುದನ್ನು ನಾವು ನೋಡಿಯೇ ಇಲ್ಲ ಎಂಬುದು ಅವನ ಸಿದ್ಧಾಂತ. ಹೆಂಡತಿ ಕರೆದರೆ ಕೇಳಿಸದ ಮನುಷ್ಯನಿಗೆ ಸಿದ್ಧಾಂತ ಬೇರೆ!

ಮೊದಲ ಚಿತ್ರದ ನಾಯಕ ತಾಮ್ರದ ತಂಬಿಗೆ. ಪಡಸಾಲೆಯ ಗೋಡೆಗೆ ಧೋತರ ಕಟ್ಟಿ, ಓಣಿಯವರನ್ನೆಲ್ಲ ಕೂರಿಸಿ ತೋರಿಸಿದ. ತಂಬಿಗೆ ಇತ್ತು. ಬಹಳ ಹೊತ್ತು ಇತ್ತು. ಕಡೆಗೊಂದು ನೊಣ ಬಂದು ಅದರ ಮೇಲೆ ಕೂತಿತು. ಆಡೂರಿನ ಮಾವ "ಅಂತೂ ಹೀರೋಯಿನ್ ಬಂದ್ಲು" ಎಂದು ಎದ್ದು ಬಸ್ಸಿಗೆ ಹೊರಟ.

ಎರಡನೆಯದು ಸಂಸಾರಕ್ಕೇ ಕುತ್ತು ತಂದಿತು. ಮಗನಿಗೆ ಹೆಣ್ಣು ಕೊಡುವ ಮಾತಾಡಲು ಹಿರೇಕೆರೂರಿನವರು ಬಂದಿದ್ದರು. ಕಾಕಾನ ಹೆಂಡತಿ ಚಿಗವ್ವ ಚಹಾ ಸೋಸಲು ಹೋದರೆ ಜರಡಿಯೇ ಇಲ್ಲ! ಅದು ಮಾಳಿಗೆಯ ಬಿಸಿಲಲ್ಲಿ ನೆರಳು ಚೆಲ್ಲುತ್ತ ಅಭಿನಯಿಸುತ್ತಿತ್ತು. ಕಾಕಾ ಅವರೆದುರೇ ಹೇಳಿದ: "ಜರಡಿ ಶೂಟಿಂಗ್‌ನ್ಯಾಗ ಐತಿ, ಈಗ ಎತ್ತಾಕ ಬರೂದಿಲ್ಲ."

ಬೀಗರಾಗಬೇಕಿದ್ದವರು ಹಲ್ಲಿಗೆ ಸಿಕ್ಕ ಚಹಾಪುಡಿಯನ್ನು ನಾಲಿಗೆಯಿಂದ ಹುಡುಕುತ್ತ ಹೋದರು, ತಿರುಗಿ ಬರಲಿಲ್ಲ. ಮರುದಿನ ಚಿಗವ್ವ "ತಂಬಗಿ ಜೋಡಿನ ಸಂಸಾರ ಮಾಡ್ರಿ" ಎಂದು ಹತ್ತಿಮತ್ತೂರಿನ ತವರು ಸೇರಿದಳು. ಯಾರು ಹೇಳಿಕಳಿಸಿದರೂ ಬರಲೊಲ್ಲಳು.

ಕಡೆಗೆ ಕರೆತರಲು ಕಾಕಾನೇ ಹೊರಟ, ಜೊತೆಗೆ ನಾನು. ಸೀರೆ ಒಯ್ದನೇ? ಹೂವು? ಮಹಾಶಯ ಇನ್ನೊಂದು ಸಿನಿಮಾ ಒಯ್ದಿದ್ದ! ಅವಳೆದುರು ಕೂತು ಮೊಬೈಲ್ ಹಿಡಿದ. ಚಿಗವ್ವ ಮುಖ ತಿರುಗಿಸಿದಳು, ಕಿವಿ ತಿರುಗಿಸಲಾಗಲಿಲ್ಲ.

ತೆರೆಯ ತುಂಬ ಅವಳ ಅಡುಗೆಮನೆಯ ಒಂದು ಮುಚ್ಚಳ. ಅದನ್ನು ಮುಚ್ಚುವ ಸಪ್ಪಳ, ಹಿಂದೆಯೇ ಕಾಕಾನ ದನಿ. ಢಣ್. "ಇದು ನನ್ನ ಮ್ಯಾಲಿನ ಸಿಟ್ಟು." ಟಣ್. "ಇದು ಸಾರು ಮುಗದೈತಿ, ಆಕಿ ಮಜ್ಜಿಗಿ ಕಲಸ್ಕೊಂಡು ಉಣ್ತಾಳ." ಆಮೇಲೆ ಕೇಳಿಯೂ ಕೇಳದಂಥ ಒಂದು ಸದ್ದು. "ಇದು ನಾ ಮಲಗೇನಿ ಅಂತ ಸಪ್ಪಳ ಆಗದಂಗ ಮುಚ್ಚಿದ್ದು."

ಕಿವುಡ ಎಂದು ನಾವೆಲ್ಲ ನಕ್ಕ ಮನುಷ್ಯ ಇಷ್ಟೆಲ್ಲ ಕೇಳಿಸಿಕೊಂಡಿದ್ದ.

ಚಿಗವ್ವ ಎದ್ದು ಒಳಗೆ ಹೋದಳು. ಒಳಗಿನಿಂದ ಮುಚ್ಚಳ ಢಣ್ ಎಂದಿತು. ಕೆಲಸ ಕೆಟ್ಟಿತೆಂದು ನಾನು ಕಾಕಾನ ಮುಖ ನೋಡಿದೆ.

ಅವನು ಕಣ್ಣೊರೆಸಿಕೊಂಡ. "ಸಿಟ್ಟು ಹಂಗ ಐತಿ. ಆದ್ರ ಅದು ಚಾದ ಪಾತೇಲಿ ಮುಚ್ಚಳ. ಬರ್ತಾಳ."