ಸತ್ತವನಿಗೆ ಸೊಳ್ಳೆ ಕಾಟ

ಮಾತಿಲ್ಲದ ಚಿತ್ರಕ್ಕೆ ಪರದೆಯ ಪಕ್ಕ ನಿಂತು ಮಾತು ಹೊಲಿಯುವುದು ಕುಮೆಕಿಚಿಯ ಕಸುಬು. ಅಸಾಕುಸಾ ಪೇಟೆಯ ಚಿತ್ರಮಂದಿರದಲ್ಲಿ ದಿನವೂ ಪ್ರಿಯಕರನನ್ನು ಕೊಂದು, ಹುಡುಗಿಯನ್ನು ಅಪ್ಪ ತೋರಿಸಿದ ಮನೆಗೆ ಪಲ್ಲಕ್ಕಿಯಲ್ಲಿ ಸಾಗಿಸಿ, "ಪ್ರೀತಿಗಿಂತ ಮನೆತನದ ಮಾತು ದೊಡ್ಡದು!" ಎಂದು ಸುಳ್ಳುಸುಳ್ಳೇ ಮೂಗೆಳೆದುಕೊಂಡರೆ ಅವನ ಅಂದಿನ ಅನ್ನ ಹುಟ್ಟುತ್ತಿತ್ತು.

ಆ ಮಧ್ಯಾಹ್ನ ತೋಫು ಅಂಗಡಿಯ ಒಶಿನೊ, ಅವನು ಮನಸ್ಸಿಟ್ಟ ಹುಡುಗಿ, ಹಿಂಬಾಗಿಲಿಗೆ ಓಡಿಬಂದಳು.

"ಇವತ್ತು ನನ್ನನ್ನ ಹುಡುಗನಿಗೆ ತೋರಿಸ್ತಾರಂತೆ. ಎಲ್ಲಿ ಗೊತ್ತಾ? ನಿಮ್ಮ ಆಟದಲ್ಲೇ! ಒಣ ಕಡಲಪಾಚಿ ಮಾರೋ ತೊಕುಜಿ. ಅವನೂ ಹಾಗೇ ಒಣಗಿದಾನೆ."

"ಬೇಡ ಅಂದುಬಿಡು!"

"ಅಂತೀನಿ. ಆದ್ರೆ ನೀವು ಮನೆತನ, ಮನೆತನ ಅಂತ ಅಳಿಸಿದ್ರೆ ನಮ್ಮಪ್ಪ ಕೂತಲ್ಲೇ ಮಾತು ಕೊಟ್ಟುಬಿಡ್ತಾರೆ. ಇವತ್ತೊಂದಿನ ಪ್ರೀತೀನ ಗೆಲ್ಲಿಸಿ!"

ಸಂಜೆ ಅಪ್ಪ, ಮಗಳು, ಸಂಬಂಧ ಕುದುರಿಸುವ ಹೆಂಗಸು ಸಾಲಾಗಿ ಕೂತರು. ಕೊನೆಯಲ್ಲಿ ತೊಕುಜಿ; ಅವನ ಮುಖ, ಬಾಗಿಲು ಹಾಕಿದ ಅಂಗಡಿಯಂತಿತ್ತು. ಪರದೆಯ ಮೇಲೆ ಪ್ರಿಯಕರ ಸತ್ತ.

"ನೋಡಿ, ದೂರದಿಂದ ನಡೆದುಬಂದ ಪ್ರಿಯಕರ ಆಯಾಸದಿಂದ ಮಲಗಿದ್ದಾನೆ!" ಎಂದ ಕುಮೆಕಿಚಿ.

"ನಿನ್ನೆ ಸತ್ತಿದ್ನಲ್ಲಯ್ಯಾ!" ಮುಂದಿನ ಸಾಲಿನಿಂದ, ದಿನವೂ ಆಟಕ್ಕೆ ಬರುವ ಒತೊರಾ ಅಜ್ಜಿ ಕೂಗಿದಳು.

"ಇವತ್ತು ಹುಷಾರಾಗಿದಾನೆ, ಅಜ್ಜಿ."

"ಮತ್ತೆ ಮುಖದ ಮೇಲೆ ಬಿಳಿಬಟ್ಟೆ?"

"ಸೊಳ್ಳೆ ಕಾಟ!"

"ತಲೆಹತ್ರ ಊದುಬತ್ತಿ?"

"ಅದೂ ಸೊಳ್ಳೆಗೇ!"

ತೆರೆಮರೆಯಿಂದ ಚಿತ್ರಮಂದಿರದ ಯಜಮಾನ ಮುಷ್ಟಿ ತೋರಿಸಿದ. ಕುಮೆಕಿಚಿ ಅತ್ತ ನೋಡಲಿಲ್ಲ. ಹೆಣ್ಣಿನ ಪಾತ್ರವನ್ನೂ ಗಂಡಸರೇ ಕಟ್ಟುತ್ತಿದ್ದ ಕಾಲ; ಪರದೆಯ ಮೇಲೆ ವಧುವಿನ ವೇಷದ ನಟ ಪಲ್ಲಕ್ಕಿಯಲ್ಲಿ ಗೋಳೋ ಎನ್ನುತ್ತಿದ್ದ. ಕುಮೆಕಿಚಿ ಅದನ್ನೂ ಸಂತೋಷದ ಲೆಕ್ಕಕ್ಕೆ ಸೇರಿಸಿದ. "ಅಪ್ಪನ ಕಲ್ಲೆದೆ ಕರಗಿತು! 'ಹೋಗು ಮಗಳೇ, ಮನಸ್ಸಿಟ್ಟವನ ಮನೆಗೇ ಹೋಗು' ಎಂದ!"

 ಆಗ ಸಭೆಯಿಂದ ಒಡಕು ಕಹಳೆಯಂತೆ ಒಂದು ಅಳು ಹೊರಟಿತು. ತೊಕುಜಿ! ಕಣ್ಣೊರೆಸಿ ಒರೆಸಿ ತನ್ನ ಅಂಗಿಯ ತೋಳು ತೋಯಿಸಿ ಮುಗಿಸಿ, ಪಕ್ಕದ ಸಂಬಂಧದ ಹೆಂಗಸಿನ ನಿಲುವಂಗಿಯ ತೋಳಿಗೂ ಕಣ್ಣೊರೆಸಲು ಕೈಹಾಕಿದ್ದ.

ದೀಪ ಹತ್ತಿದ್ದೇ ತಡ, ಕುಮೆಕಿಚಿ ಅವರತ್ತ ಓಡಿದ. ಎದುರಿಗೆ ಒಶಿನೊಳ ಅಪ್ಪ.

"ಕಣ್ಣು ತೆರೆಸಿದೆ ಮಾರಾಯ! ಯಾರ ಮೇಲೆ ಮನಸ್ಸಿದ್ರೂ ಅವನಿಗೇ ಕೊಡ್ತೀನಿ ಅಂತ ಇವಳಿಗೆ ಈಗಷ್ಟೇ ಹೇಳ್ದೆ."

ಖುಷಿಗೆ ಕುಮೆಕಿಚಿಯ ಕಾಲು ನೆಲದ ಮೇಲೆ ನಿಲ್ಲಲಿಲ್ಲ. "ಯಾರಂದ್ಲು?"

"ತೊಕುಜೀನೇ ಬೇಕಂತೆ!"

ಒಶಿನೊ ತಲೆ ತಗ್ಗಿಸಿದಳು. "ಪ್ರೀತಿ ಗೆದ್ದಿದ್ದಕ್ಕೆ ಇಷ್ಟು ಅಳೋ ಗಂಡಸು ಎಲ್ಲಿ ಸಿಗ್ತಾನೆ ಹೇಳಿ? ನೀವು ಊರನ್ನೇ ಅಳಿಸ್ತೀರಿ. ಒಂದು ಸಲವಾದ್ರೂ ನಿಜವಾಗಿ ಅತ್ತಿದೀರಾ?"

"ಕುಮೆ, ನಾಳೆಯಿಂದ ಹೀಗೇ ಹೇಳು! ಜನ ಮತ್ತೆ ಟಿಕೆಟ್ ಕೇಳ್ತಿದಾರೆ!" ಯಜಮಾನ ಬೆನ್ನು ತಟ್ಟಿ ಹೋದ.

ಒತೊರಾ ಅಜ್ಜಿ ಹತ್ತಿರ ಬಂದು ಅವನ ಮುಖವನ್ನೇ ದಿಟ್ಟಿಸಿದಳು. "ಏನಯ್ಯಾ, ಕಣ್ಣಲ್ಲಿ ನೀರು?"

"ಸೊಳ್ಳೆ, ಅಜ್ಜಿ."