ಕಚೇರಿ ಅಂಗಳದ ಕುರಿ ಗೊಬ್ಬರ

“ನಾಲ್ಕು ರಾತ್ರಿ ಕುರಿ ನಿಲ್ಲಿಸಿದ ಕೂಲಿ ಬಾಕಿ ಐತ್ರಿ. ಜೋಳ ಅಳೀರಿ.”

ಕೌಜಲಗಿಯ ಸತ್ತೆವ್ವ ವಸೂಲಿ ಕಚೇರಿಯ ಕಿಟಕಿಯ ಸರಳಿಗೆ ಖಾಲಿ ಚೀಲ ನೇತುಹಾಕಿದಳು. ನೋಟು ಬರೀ ಕಾಗದವಾಗಿ, ಬ್ಯಾಂಕಿಗೆ ಕೀಲಿ ಬಿದ್ದ ಮೇಲೆ ಸರ್ಕಾರ ಕರವನ್ನು ಕಾಳಿನಲ್ಲಿ ಎತ್ತುತ್ತಿತ್ತು. ಕಾಳಿಲ್ಲದ ಸತ್ತೆವ್ವನ ಹಿಂಡನ್ನು ಗುಮಾಸ್ತ ಭೀಮೇಶನೇ ಹೊಡೆದುಕೊಂಡು ಬಂದು ಕಚೇರಿಯ ಅಂಗಳದಲ್ಲಿ ಕೂಡಿಹಾಕಿದ್ದ. ಅವಳ ಮನೆಯ ಒಲೆ ಉರಿಯುತ್ತಿದ್ದದ್ದೇ ಆ ಹಿಂಡಿನಿಂದ.

ಭೀಮೇಶ: ಎಂಥಾ ಕೂಲಿ? ಅವು ಜಪ್ತಿ ಕುರಿ ಬೇ.

ಸತ್ತೆವ್ವ: ಜಪ್ತಿ ಆದಮ್ಯಾಲ ಹಿಕ್ಕಿ ಹಾಕೂದು ಬಿಟ್ಟಾವೇನ್ರಿ?

ಭೀಮೇಶ: ಎಲ್ಲಿ ಬಿಟ್ಟಾವ! ಸಾಹೇಬ್ರ ಖುರ್ಚಿ ಬುಡಕ್ಕೂ ಹಾಕ್ಯಾವ.

ಸತ್ತೆವ್ವ: ಮುಗೀತಲ್ಲ ಮತ್ತ. ಯಾರ ನೆಲದಾಗ ಕುರಿ ರಾತ್ರಿ ನಿಲ್ತಾವ, ಅವ್ರು ಗೊಬ್ಬರಕ್ಕ ಜೋಳ ಅಳೀಬೇಕು. ಹುಕ್ಕೇರಿಯಿಂದ ಮೂಡಲಗಿ ತನಕ ಇದ ರೀತಿ.

ಭೀಮೇಶ: ಅದು ಹೊಲಕ್ಕ. ಇದು ಸರ್ಕಾರ.

ಸತ್ತೆವ್ವ: ಸರ್ಕಾರದಾಗ ಬದನಿಕಾಯಿ ಯಾಕ ಬೆಳೀತೀರಿ?

ಧ್ವಜದ ಕಂಬದ ಸುತ್ತ, ಮುಳ್ಳುಬೇಲಿಯೊಳಗೆ, ಬದನೆ ಗಿಡ ಕಪ್ಪಗೆ ಸೊಕ್ಕಿ ನಿಂತಿದ್ದವು. ಬುಡಕ್ಕೆಲ್ಲ ಅಂಗಳದಿಂದ ಗುಡಿಸಿ ಸುರಿದ ಹಿಕ್ಕಿ.

ಭೀಮೇಶ: ಏನ್ ಮಾಡೂದು? ಹ್ವಾದ ತಿಂಗಳ ಪಗಾರಕ್ಕ ಸುಣ್ಣ ಕೊಟ್ರು.

ಸತ್ತೆವ್ವ: ತಿಂದ್ರಿ?

ಭೀಮೇಶ: ಕಚೇರಿಗೆ ಹಚ್ಚಿದ್ವಿ. ಈ ತಿಂಗಳ ಅದೂ ಇಲ್ಲ.

ಸತ್ತೆವ್ವ: ನಿಮ್ಮ ಕರ ಎಷ್ಟು?

ಭೀಮೇಶ: ಒಂದ ಚೀಲ ಜೋಳ.

ಸತ್ತೆವ್ವ: ನನ್ನ ಕೂಲಿ ಎರಡ ಚೀಲ. ನಿಮ್ಮದು ವಜಾ ಮಾಡ್ರಿ, ಕುರಿ ಬಿಡ್ರಿ, ಉಳಿದದ್ದು ಅಳೀರಿ. ಇವತ್ತೂ ಇಟ್ಕೋತೀನಿ ಅಂದ್ರ ಇಟ್ಕೋರಿ. ರಾತ್ರಿ ಕಳದಂಗ ನಂದು ಏರ್ತೈತಿ.

ಭೀಮೇಶ ಕುರ್ಚಿಯಿಂದ ಎದ್ದವನು ನೇರ ಹೋಗಿ ಗೇಟು ತೆರೆದ. ಕುರಿ ಹೊರಬಿದ್ದವು. ಕೊನೆಯದು ಹೋಗುತ್ತ ಅವನ ಚಪ್ಪಲಿಯ ಮೇಲೂ ಉದುರಿಸಿ ಹೋಯಿತು.

ಸತ್ತೆವ್ವ: ಅದನ್ನೂ ಹಿಡೀರಿ ಲೆಕ್ಕಕ್ಕ. ಜೋಳ?

ಭೀಮೇಶ: ಯವ್ವಾ, ಅಂಗಳ ನಂದಲ್ಲ, ಸಾಹೇಬ್ರದೂ ಅಲ್ಲ. ಬೋರ್ಡ್ ನೋಡಿಲ್ಲಿ, ಸಾರ್ವಜನಿಕರ ಆಸ್ತಿ. ಹೋಗಿ ಅವ್ರನ್ನ ಕೇಳು.

ಸತ್ತೆವ್ವ ಸರಳಿನಿಂದ ಚೀಲ ಬಿಚ್ಚಿ, ಝಾಡಿಸಿ, ಇತ್ತ ತಿರುಗಿದಳು.

“ಓದಾಕತ್ತೀರಲ್ಲ, ನಿಮಗ ಕೇಳೂದು. ಅಂಗಳ ನಿಮ್ಮದಂತ. ಕುರಿ ನಿಂತದ್ದೂ ಖರೆ, ಬದನಿ ಸೊಕ್ಕಿದ್ದೂ ಖರೆ. ಚೀಲ ಹಿಡದೇನಿ. ಜೋಳ ಅಳೀರಿ.”