ಟರ್ನಿಪ್ಪಿನ ಸೀಟಿನಲ್ಲಿ ಬಸಳೆ

ಅರವತ್ತು ದಾಟಿದ ಹೆಂಗಸು ಹೊತ್ತು ಕಳೆಯಲು ಏನೇನು ಮಾಡಬಹುದು ಎಂಬುದಕ್ಕೆ ಲೋಕ ಒಂದು ಪಟ್ಟಿ ಮಾಡಿಟ್ಟಿದೆ. ಧಾರಾವಾಹಿ ನೋಡಬಹುದು. ಭಜನೆಗೆ ಹೋಗಬಹುದು. ಮೊಬೈಲಿಗೆ ಬಂದ ಶುಭೋದಯದ ಹೂವನ್ನು ಕಂಡಕಂಡವರಿಗೆಲ್ಲ ದಾಟಿಸಬಹುದು. ಮೊಣಕಾಲು ನೋವಿನ ಬಗ್ಗೆಯಂತೂ ಎಷ್ಟು ಹೊತ್ತು ಬೇಕಾದರೂ ಮಾತಾಡಬಹುದು, ಯಾರೂ ಅಡ್ಡಿ ಬರುವುದಿಲ್ಲ. ಆದರೆ ಕಂಪ್ಯೂಟರಿನಲ್ಲಿ ಗೇಮ್ ಆಡುತ್ತೇನೆ ಎಂದರೆ ಮಾತ್ರ ಎದುರಿಗಿದ್ದವರ ಮುಖದಲ್ಲಿ ಒಂದು ಕನಿಕರ ಮೂಡುತ್ತದೆ. ಪಾಪ, ಮೊನ್ನೆಯವರೆಗೆ ಸರಿಯಾಗಿಯೇ ಇದ್ದರು ಎನ್ನುವಂಥ ಕನಿಕರ. ಆದ್ದರಿಂದ ಮೊದಲೇ ಹೇಳಿಬಿಡುತ್ತೇನೆ: ನಾನು ಆಡುತ್ತೇನೆ. ಡೊಂಬಿವಲಿಯ ನಮ್ಮ ಫ್ಲ್ಯಾಟಿನ ಹಾಲಿನಲ್ಲಿ, ಟಿವಿಯ ಪಕ್ಕದಲ್ಲೇ, ಬಂದುಹೋಗುವವರಿಗೆಲ್ಲ ಕಾಣುವ ಹಾಗೆ ಕೂತು ಆಡುತ್ತೇನೆ. ನಗುವವರು ನಗಲಿ. ನಕ್ಕು ಮುಗಿದ ಮೇಲೆ ಮುಂದಕ್ಕೆ ಓದಲಿ, ಅವರಿಗೂ ಉಪಯೋಗವಾದೀತು.

ನಾನು ಸುಲಭಕ್ಕೆ ಹೆದರುವವಳಲ್ಲ. ಉಡುಪಿ ಕಡೆಯಿಂದ ಮದುವೆಯಾಗಿ ಬಂದಾಗ ನಮ್ಮವರು ಠಾಣೆಯ ಒಂದು ಹೋಟೆಲಿನ ಗಲ್ಲಾದಲ್ಲಿ ಕೂರುತ್ತಿದ್ದರು. ಮನೆಯಲ್ಲಿ ಸುಮ್ಮನೆ ಕೂತಿರಲಾಗದೆ ನಾನು ಶಹಾಡ್ ಕಡೆಯ ಕಾರ್ಖಾನೆಗಳಿಂದ ಹೊಲಿಗೆ ತಪ್ಪಿದ ನೈಟಿ, ಬೆಡ್‌ಶೀಟುಗಳ ಲಾಟು ಎತ್ತಿ ತಂದು ಮಾರತೊಡಗಿದೆ. ಮನೆಮನೆಗೆ ಮಾರಿದೆ, ಲೋಕಲ್ ರೈಲಿನ ಹೆಂಗಸರ ಡಬ್ಬಿಯಲ್ಲಿ ಮಾರಿದೆ. ಹಿಂದಿ ಕಲಿತದ್ದು ಚೌಕಾಸಿಯಿಂದ, ಮರಾಠಿ ಕಲಿತದ್ದು ಜಗಳದಿಂದ. ಆ ವ್ಯಾಪಾರದಲ್ಲಿ ನಾನು ಕಂಡುಕೊಂಡ ನಿಯಮ ಒಂದೇ: ಬಿಡಿ ಮಾಲು ಆರಿಸಬಾರದು, ಗಂಟನ್ನೇ ಎತ್ತಬೇಕು. ಆರಿಸಿಕೊಳ್ಳಿ ಎಂದು ಕಾರ್ಖಾನೆಯವನು ಹೇಳಿದರೆ, ಒಳ್ಳೆಯದನ್ನು ಅವನು ಆಗಲೇ ಆರಿಸಿಯಾಗಿದೆ ಎಂದು ಅರ್ಥ. ಈ ನಿಯಮವೇ ಮುಂದೆ ನನ್ನನ್ನು ಗುಂಡಿಗೆ ತಳ್ಳಿತು. ಅದನ್ನು ಆಮೇಲೆ ಹೇಳುತ್ತೇನೆ.

ಕಂಪ್ಯೂಟರು ಮಗಳು ಸ್ವಾತಿಯದು. ಮದುವೆಯಾಗಿ ಕಾಮೋಠೆಗೆ ಹೋಗುವಾಗ ಹಳೆಯ ಚೂಡಿದಾರಗಳ ಜೊತೆ ಅದನ್ನೂ ಇಲ್ಲೇ ಬಿಟ್ಟುಹೋದಳು. ಯಾರೂ ಮನೆಯಿಂದ ಹೊರಗೆ ಕಾಲಿಡಬಾರದು ಎಂದಿದ್ದ ಆ ದಿನಗಳಲ್ಲಿ ವ್ಯಾಪಾರ ನಿಂತಿತು, ಲೋಕಲ್ ನಿಂತಿತು, ಬಾಯಿಗೆ ಕೆಲಸ ನಿಂತಿತು. ಧೂಳು ಒರೆಸಲೆಂದು ಅದನ್ನು ಹಚ್ಚಿದಾಗ ಒಳಗೆ ಒಂದು ಹೊಲದ ಆಟ ಸಿಕ್ಕಿತು. ಒಂದು ಗುಡಿಸಲು, ಒಂದಿಷ್ಟು ಕಲ್ಲು ತುಂಬಿದ ನೆಲ, ಕೈಯಲ್ಲಿ ಒಂದು ನೀರಿನ ಡಬ್ಬ. ಅಲ್ಲಿಂದ ಇಲ್ಲಿಯವರೆಗೆ ಮೂರು ವರ್ಷಕ್ಕೂ ಮಿಕ್ಕಿ ದುಡಿದು ಆ ಕಲ್ಲುನೆಲವನ್ನು ನಾನು ಏನು ಮಾಡಿದ್ದೇನೆಂದರೆ, ನೋಡಿದವರು ಹೊಟ್ಟೆ ಉರಿಸಿಕೊಳ್ಳಬೇಕು. ಕೊಟ್ಟಿಗೆಯಲ್ಲಿ ಎಂಟು ಹಸು, ಕೋಳಿಗೂಡು, ಕೆರೆ. ಊರಿನವರೆಲ್ಲ ನನ್ನ ಹತ್ತಿರವೇ ಜೇನು ಕೊಳ್ಳುತ್ತಾರೆ. ಒಂದೇ ಕೊರತೆ. ಆಟ ಮಾಡಿದವರು ಯಾವುದೋ ಚಳಿದೇಶದವರು. ನೆಟ್ಟರೆ ಟರ್ನಿಪ್ಪು, ಕಿತ್ತರೆ ಟರ್ನಿಪ್ಪು. ನನಗೆ ಬೇಕಾಗಿದ್ದದ್ದು ಬಸಳೆ. ಚಪ್ಪರಕ್ಕೆ ಹಬ್ಬಿ, ಎಲೆ ತೋರವಾಗಿ, ದಂಟು ಕೆಂಪಗೆ ಹೊಳೆಯುವ ಬಸಳೆ.

"ಬಸಳೆ ಬೇಕಾದ್ರೆ ಸ್ಟೇಷನ್ ಹತ್ರ ಸಿಗ್ತದಲ್ಲ ಮಾರಾಯ್ತಿ," ಎಂದರು ನಮ್ಮವರು, ಸೋಫಾದಿಂದ.

"ಸಿಗುವುದು ಬೇರೆ, ಬೆಳೆಸುವುದು ಬೇರೆ. ನಮ್ಮ ಗ್ರಿಲ್ಲಿನಲ್ಲಿ ನಿಮ್ಮ ಬನಿಯನ್ ಒಣಗಿಸಲು ಜಾಗ ಇಲ್ಲ, ಇನ್ನು ಚಪ್ಪರ ಎಲ್ಲಿ ಹಾಕುವುದು?"

ಅವರು ಟಿವಿಯ ಸದ್ದು ಏರಿಸಿದರು. ಉತ್ತರ ಇದ್ದದ್ದು ಕಂಪ್ಯೂಟರಿನ ಹತ್ತಿರ. ಮಾಡ್ ಎಂಬುದೊಂದು ಉಂಟು. ಗೊತ್ತಿಲ್ಲದವರಿಗೆ ಹೇಳುತ್ತೇನೆ: ಆಟ ಮಾಡಿದ ಕಂಪನಿಯವರಲ್ಲದೆ ಬೇರೆ ಯಾರೋ ಉಮೇದಿನಿಂದ ಮಾಡಿ ಪುಕ್ಕಟೆ ಹಂಚುವ ಬದಲಾವಣೆ. ರೆಡಿಮೇಡ್ ನೈಟಿಗೆ ನಾವು ಕಿಸೆ ಹೊಲಿಸಿಕೊಳ್ಳುವುದಿಲ್ಲವೇ, ಹಾಗೆ. ಕಿಸೆ, ಲೇಸು, ಗುಂಡಿ ಹೆಚ್ಚಾದಾಗ ಯಾವುದರ ಮೇಲೆ ಯಾವುದು ಎಂದು ನೋಡಿ ಕೂರಿಸಲು ಒಬ್ಬ ಟೇಲರ್ ಬೇಕಲ್ಲ, ಆ ಟೇಲರ್ ಕೆಲಸ ಮಾಡುವ ಪ್ರೋಗ್ರಾಮಿಗೆ ಮಾಡ್ ಮ್ಯಾನೇಜರ್ ಎನ್ನುತ್ತಾರೆ. ಯಾರೋ ಪುಣ್ಯಾತ್ಮರು, ನಮ್ಮ ಕಡೆಯವರೇ ಇರಬೇಕು, ಟರ್ನಿಪ್ಪಿನ ಜಾಗದಲ್ಲಿ ಬಸಳೆ ಬೆಳೆಯುವ ಮಾಡ್ ಮಾಡಿಟ್ಟಿದ್ದರು. ಅದನ್ನು ಕಂಡ ದಿನ ನಾನು ಅನ್ನಕ್ಕೆ ಇಡುವುದನ್ನೇ ಮರೆತೆ.

ಅಳಿಯ ನಂದೀಶನಿಗೆ ಫೋನ್ ಮಾಡಿದೆ. ಅವನು ಮೈಸೂರಿನವನು, ಕಂಪ್ಯೂಟರ್ ಕೆಲಸದವನು. (ಅಳಿಯನಿಗೆ ಎದುರಿಗೆ ಬಹುವಚನ, ಬರೆಯುವಾಗ ಏಕವಚನ. ಇದು ನನ್ನ ಪದ್ಧತಿ.) ಅವನು ಬಹಳ ತಾಳ್ಮೆಯಿಂದ ಹೇಳಿದ: "ಅತ್ತೆ, ಒಂದೊಂದೇ ಹಾಕಿ. ಒಂದು ಹಾಕಿ, ಆಟ ತೆಗೆದು ನೋಡಿ, ಸರಿ ಇದ್ರೆ ಇನ್ನೊಂದು. ಎಲ್ಲಾ ಒಟ್ಟಿಗೆ ತುಂಬ್ಬೇಡಿ, ಗೊತ್ತಾಯ್ತಾ?"

ಒಂದೊಂದೇ ಎಂಬ ಮಾತು ಕಿವಿಗೆ ಬಿದ್ದದ್ದೇ ನನ್ನೊಳಗಿನ ವ್ಯಾಪಾರಸ್ಥೆ ಎದ್ದು ಕೂತಳು. ಪುಕ್ಕಟೆ ಮಾಲು, ಕಣ್ಣೆದುರಿಗೆ ರಾಶಿ, ಅದರಲ್ಲಿ ಒಂದೊಂದೇ ಆರಿಸಬೇಕೇ? ಗಂಟನ್ನೇ ಎತ್ತಿದೆ. ಬಸಳೆ, ಚಂದದ ತರಕಾರಿ, ಚಂದದ ಹಸು, ಹಸುವಿಗೆ ಗಂಟೆ, ಮಳೆಯ ಹೊಸ ಸದ್ದು, ಬೆಕ್ಕಿಗೆ ಟೋಪಿ, ಎಲ್ಲ ಸೇರಿ ನೂರ ನಲವತ್ತು. ಒಂದು ಬುದ್ಧಿವಂತಿಕೆಯನ್ನು ಮಾತ್ರ ಮಾಡಿದ್ದೆ. ಲಾಟು ಒಡೆಯುವ ಮೊದಲು ಒಂದು ಸ್ಯಾಂಪಲ್ ಬೇರೆ ಎತ್ತಿಡುವುದು ನನ್ನ ಅಭ್ಯಾಸ. ಹಾಗೆಯೇ ಹೊಲದ ಫೈಲಿನ ನಕಲನ್ನು ಪೆನ್ ಡ್ರೈವಿನಲ್ಲಿ ಹಾಕಿ ಅಕ್ಕಿ ಡಬ್ಬಿಯ ಹಿಂದೆ ಇಟ್ಟೆ. ನೀವೂ ಇಡಿ, ಈ ಪ್ರಬಂಧದಿಂದ ಇದೊಂದು ಕಲಿತರೂ ಸಾಕು. ಆಮೇಲೆ ಆಟದ ಗುಂಡಿ ಒತ್ತಿದೆ. ಪರದೆ ಕಪ್ಪಾಯಿತು. ಮತ್ತೆ ಒತ್ತಿದೆ, ಮತ್ತೆ ಕಪ್ಪು. ನನ್ನ ಎಂಟು ಹಸುಗಳು ಆ ಕಪ್ಪಿನ ಒಳಗೆಲ್ಲೋ ಇದ್ದವು.

ಭಾನುವಾರ ಮಗಳು ಅಳಿಯ ಬಂದರು. "ನೂರ ನಲವತ್ತಾ!" ಎಂದು ನಂದೀಶ ಕುರ್ಚಿಗೆ ಒರಗಿದ. "ಎಲ್ಲಾ ಅಳಿಸಿ ಹೊಸದಾಗಿ ಹೊಲ ಶುರು ಮಾಡೋದು ಬೆಟರ್ ಅತ್ತೆ. ಇದನ್ನ ಬಿಡಿಸ್ತಾ ಕೂತ್ರೆ ಮುಗಿಯೋದಿಲ್ಲ."

ಸ್ವಾತಿ ಇಲ್ಲಿಯೇ ಹುಟ್ಟಿ ಬೆಳೆದವಳು. ಕನ್ನಡದಲ್ಲಿ ಬೈದರೆ ಪೂರಾ ಅರ್ಥವಾಗುತ್ತದೆ, ಉತ್ತರ ಮಾತ್ರ ಹಿಂದಿಯಲ್ಲಿ. "ಛೋಡ್ ನಾ ಅಮ್ಮಾ. ಟ್ಯಾಬ್ ದಿಲಾತೀ ಹೂಂ ತುಝೇ. ಆರಾಮ್ ಸೆ ಭಜನ್ ಸುನ್," ಎಂದಳು. ಟ್ಯಾಬ್ ಕೊಡಿಸುತ್ತಾಳಂತೆ, ನಾನು ಆರಾಮಾಗಿ ಭಜನೆ ಕೇಳಬೇಕಂತೆ. ಈ ಕಂಪ್ಯೂಟರನ್ನು ಕಾಮೋಠೆಗೆ ಒಯ್ಯುತ್ತಾರಂತೆ. ಹಳೆಯದು, ನಿಧಾನ, ಹಾಲಿನಲ್ಲಿ ಜಾಗ ತಿನ್ನುತ್ತದೆ ಎಂದು ಇಬ್ಬರೂ ಸೇರಿ ಅದರ ದೋಷಗಳನ್ನು ಎಣಿಸಿದರು. ಗಿರಾಕಿ ಮಾಲನ್ನು ಹೀಗಳೆಯತೊಡಗಿದರೆ ಅವನಿಗೆ ಅದು ಬೇಕಾಗಿದೆ ಎಂದು ತಿಳಿಯುವಷ್ಟು ವ್ಯಾಪಾರ ನಾನೂ ಮಾಡಿದ್ದೇನೆ. ನಂದೀಶನಿಗೆ ಮನೆಯಿಂದ ಆಫೀಸು ಮಾಡಲು ಎರಡನೆಯ ಪರದೆ ಬೇಕಿತ್ತು.

"ನನ್ನ ಹೊಲ ಎಲ್ಲಿಗೂ ಬರುವುದಿಲ್ಲ," ಎಂದೆ.

"ಸರಿ ಅತ್ತೆ, ಮುಂದಿನ ಭಾನುವಾರದವರೆಗೆ ನೋಡಿ. ಅದೇ ಹಳೇ ಹೊಲದಲ್ಲಿ ಬಸಳೆ ಬೆಳೆದು ತೋರ್ಸಿದ್ರೆ ಕಂಪ್ಯೂಟರ್ ನಿಮ್ದು, ನಾನು ಇನ್ನು ಮಾತೇ ಎತ್ತಲ್ಲ. ಇಲ್ದಿದ್ರೆ ಕಾರಲ್ಲಿ ಹಾಕ್ಕೊಂಡು ಹೋಗ್ತೀನಿ."

"ನಾಲ್ಕು ಭಾನುವಾರ."

"ಅತ್ತೆ!"

"ಹೋಗಲಿ, ಎರಡು. ಮತ್ತೆ ನಾನು ಗೆದ್ದರೆ ನೀವು ನನ್ನ ಕೈಯ ಬಸಳೆ-ಪುಂಡಿ, ಬಸಳೆ ಗಸಿಯಲ್ಲಿ ಅಕ್ಕಿ ಉಂಡೆ, ಒಂದು ಬಟ್ಟಲು ತಿನ್ನಬೇಕು. ಮುಖ ಕಿವುಚದೆ."

"ಅದು ಲೋಳೆ ಲೋಳೆ ಇರತ್ತಲ್ಲ..." ಎಂದು ಅವನು ಹೆಂಡತಿಯ ಮುಖ ನೋಡಿದ. ಹೆಂಡತಿ ಮೊಬೈಲು ನೋಡಿದಳು. ಒಪ್ಪಂದವಾಯಿತು. ನನಗೆ ಬೇಕಾಗಿದ್ದದ್ದೇ ಎರಡು.

ಮೊದಲ ವಾರ ಲಾಟು ವಿಂಗಡಿಸಿದೆ. ಮ್ಯಾನೇಜರಿನಲ್ಲಿ ಹೆಸರುಗಳ ಉದ್ದ ಪಟ್ಟಿ, ಅರ್ಧಕ್ಕರ್ಧ ಹೆಸರುಗಳ ಮುಂದೆ ಕೆಂಪು ಗುರುತು. ಒಂದೊಂದನ್ನೂ ಒತ್ತಿ, ಇಂಗ್ಲಿಷನ್ನು ಅಕ್ಷರ ಕೂಡಿಸಿ ಓದಿದರೆ, ಹಸುವಿನ ಗಂಟೆಗೆ ಮೊದಲು ಚಂದದ ಹಸು ಬೇಕು, ಚಂದದ ಹಸುವಿಗೆ ಮೊದಲು ಇನ್ನೇನೋ ಬೇಕು. ಲೈನಿಂಗ್ ಇಲ್ಲದೆ ತೆಳು ಬ್ಲೌಸು ಮಾರಲಾಗುವುದಿಲ್ಲವಲ್ಲ, ಅದೇ ಲೆಕ್ಕ. ಬೆಕ್ಕಿನ ಟೋಪಿಯಿಂದ ಆರಂಭಿಸಿ ನೂರಕ್ಕೂ ಹೆಚ್ಚು ಮಾಲನ್ನು ಹೊರಗೆ ಹಾಕಿದೆ. ಶನಿವಾರ ಬೆಳಿಗ್ಗೆ ಪರದೆಯ ಮೇಲೆ ಬೆಳಕು ಬಂತು. ಹಸುಗಳು ಎಂಟೂ ಇದ್ದವು, ಪೆನ್ ಡ್ರೈವಿನ ನಕಲು ಬೇಕಾಗಲೇ ಇಲ್ಲ. ಬಸಳೆ ಬೀಜ ಕೊಂಡೆ, ನೆಟ್ಟೆ, ನೀರು ಹಾಕಿದೆ, ಆಟದೊಳಗೆ ನಾಲ್ಕು ದಿನ ಮಲಗಿ ಎದ್ದೆ. ಬೆಳೆದದ್ದು ಟರ್ನಿಪ್ಪು! ಕಿತ್ತು ಮತ್ತೆ ನೆಟ್ಟೆ. ಮತ್ತೆ ಟರ್ನಿಪ್ಪು.

"ಬಸಳೆ ಆಯ್ತಾ?" ಎಂದು ಸೋಫಾದಿಂದ ಪ್ರಶ್ನೆ ಬಂತು.

"ನೀವು ಸುಮ್ಮನೆ ಟಿವಿ ನೋಡಿ."

ಕಾರಣವನ್ನು ಮ್ಯಾನೇಜರೇ ಹೇಳಿತು: ಬಸಳೆ ಮತ್ತು ಚಂದದ ತರಕಾರಿ, ಎರಡೂ ಮಾಡುಗಳು ಟರ್ನಿಪ್ಪಿನ ಒಂದೇ ಜಾಗಕ್ಕೆ ಹಕ್ಕು ಹೂಡಿವೆ. ಇದು ನನಗೆ ಹೊಸ ವಿಷಯವೇ? ಇಪ್ಪತ್ತು ವರ್ಷ ಲೋಕಲ್‌ನಲ್ಲಿ ಓಡಾಡಿದವಳು. ನಮ್ಮಲ್ಲಿ ಸೀಟಿನ ಕಾನೂನು ಹೀಗೆ: ಮೊದಲು ಹತ್ತಿದವಳಿಗೆ ಕಿಟಕಿ. ತಡವಾಗಿ ಬಂದವಳಿಗೆ ಮೂವರ ಬೆಂಚಿನ ತುದಿಯಲ್ಲಿ ನಾಲ್ಕನೆಯವಳಾಗಿ ಅರ್ಧ ಕೂರುವ ಭಾಗ್ಯ. ಅದೂ ಸಿಗದವಳು ಕೂತವಳನ್ನು "ಕಹಾಂ ಉತರೋಗೀ?", ಎಲ್ಲಿ ಇಳಿಯುತ್ತೀ ಎಂದು ಕೇಳಿ, ಅವಳು ಇಳಿಯುವ ಸ್ಟೇಷನ್ನಿನಿಂದ ಆ ಸೀಟನ್ನು ತನ್ನ ಹೆಸರಿಗೆ ಮಾಡಿಕೊಂಡು ನಿಲ್ಲಬೇಕು. ಠಾಣೆ ಎಂದಳೋ ನಿಮ್ಮ ಅದೃಷ್ಟ. ಕರ್ಜತ್ ಎಂದಳೋ ಮುಗಿಯಿತು, ಅದು ಕೊನೆಯ ಸ್ಟೇಷನ್, ನಿಮ್ಮ ಕಾಲಿನ ಆಸೆ ಬಿಡಿ. ಈ ಕಾನೂನನ್ನು ನೆನೆದೇ ನಾನು ಬಸಳೆಯನ್ನು ಪಟ್ಟಿಯ ತಲೆಯ ಮೇಲೆ ಕೂರಿಸಿದ್ದೆ. ಎಲ್ಲರಿಗಿಂತ ಮೊದಲು ಹತ್ತಿಸಿ, ಕಿಟಕಿ ಕೊಟ್ಟಿದ್ದೆ. ಹಾಗಾದರೂ ಗೆಲ್ಲುತ್ತಿದ್ದದ್ದು ಕೆಳಗೆಲ್ಲೋ ಇದ್ದ ಚಂದದ ತರಕಾರಿ. ಎರಡನೆಯ ವಾರದಲ್ಲಿ ನಾಲ್ಕು ದಿನ ಹೀಗೇ ಹೋಯಿತು. ನಂದೀಶ ಮೆಸೇಜು ಕಳಿಸಿದ: ಕಾರಿನ ಹಿಂದಿನ ಸೀಟು ಖಾಲಿ ಮಾಡಿಸಿದ್ದೇನೆ ಅತ್ತೆ. ಕೊನೆಗೊಂದು ನಗುವ ಮುಖ.

ಶುಕ್ರವಾರ ಸಂಜೆ ತಲೆಗೆ ಗಾಳಿಯಾಡಲೆಂದು ಬದಲಾಪುರಕ್ಕೆ ಹೊರಟೆ, ನನ್ನ ಹಳೆಯ ಗಿರಾಕಿ ಸುಲಭಾ ತಾಈಯ (ತಾಈ ಎಂದರೆ ಮರಾಠಿಯಲ್ಲಿ ಅಕ್ಕ) ಮನೆಗೆ. ಬದಲಾಪುರದ ಲೋಕಲ್ ನಮ್ಮ ಸ್ಟೇಷನ್ನಿಗೆ ಬರುವಷ್ಟರಲ್ಲಿ ಉಸಿರಾಡಲೂ ಜಾಗ ಇರುವುದಿಲ್ಲ. ನಾನು ಬ್ಯಾಗನ್ನು ಎದೆಗೆ ಕಟ್ಟಿಕೊಂಡು, ಎಲ್ಲರಿಗಿಂತ ಕೊನೆಯಲ್ಲಿ, ಬಾಗಿಲ ಕಂಬಕ್ಕೆ ಅಂಟಿಕೊಂಡೆ. ಕಲ್ಯಾಣ ಬಂತು. ಮುಂಬೈಯಿಂದ ಕಿಟಕಿಯಲ್ಲಿ ಕೂತು ಬಂದ ಹೆಂಗಸೊಬ್ಬಳು ಎದ್ದು, ಜನರನ್ನು ಸೀಳಿಕೊಂಡು ಬಾಗಿಲವರೆಗೆ ಬಂದು, ನನ್ನ ಬೆನ್ನಿಗೆ ಬಂದು ನಿಂತಳು.

"ಮಾವಶೀ, ಬಾಜೂಲಾ ವ್ಹಾ! ಮಲಾ ಉತರಾಯಚಂಯ್!" ಪಕ್ಕಕ್ಕೆ ಸರಿ, ಇಳಿಯಬೇಕು ಎಂದು ಕಿರುಚಿದಳು.

ನಾನು ಸರಿಯಲಿಲ್ಲ. ಹಟದಿಂದಲ್ಲ, ಬೆರಗಿನಿಂದ. ಕಿಟಕಿ ಇವಳದು, ನಿಜ. ಆದರೆ ಕೊನೆಗೆ ಹತ್ತಿದ ನಾನು ಬಾಗಿಲಲ್ಲಿ ಕೂಡದು ಎಂದರೆ ಇವಳು ಬದಲಾಪುರಕ್ಕೇ ಬರಬೇಕು. ಮೊದಲು ಹತ್ತಿದವಳಿಗೆ ಗಾಳಿ ಸಿಗುತ್ತದೆ, ಅಷ್ಟೇ. ಮಾತು ನಡೆಯುವುದು ಕೊನೆಗೆ ಹತ್ತಿದವಳದು! ಇಷ್ಟು ವರ್ಷ ಕಿಟಕಿಗೆ ಓಡಿ ಓಡಿ, ಬಾಗಿಲಿನ ಅಧಿಕಾರವೇ ನನಗೆ ತಿಳಿದಿರಲಿಲ್ಲ. ಅವಳ ಜೊತೆ ನಾನೂ ಕಲ್ಯಾಣದಲ್ಲೇ ಇಳಿದೆ. ಬದಲಾಪುರಕ್ಕೆ ಇನ್ನೊಂದು ದಿನ ಬರುತ್ತೇನೆ ಎಂದು ಸುಲಭಾ ತಾಈಗೆ ಫೋನ್ ಮಾಡಿದರೆ, "ಬರೀ ಆಹೇಸ್ ನಾ ಗ?" ಎಂದು ನನ್ನ ಆರೋಗ್ಯ ವಿಚಾರಿಸಿದರು. ವಾಪಸ್ ಗಾಡಿ ಹಿಡಿದು, ಚಪ್ಪಲಿ ಬಿಚ್ಚಿದವಳೇ ಕಂಪ್ಯೂಟರಿನ ಮುಂದೆ ಕೂತು, ಬಸಳೆಯನ್ನು ತಲೆಯಿಂದ ಎಳೆದು ಪಟ್ಟಿಯ ಕಟ್ಟಕಡೆಗೆ, ಬಾಗಿಲಿಗೆ ತಂದು ನಿಲ್ಲಿಸಿದೆ. ಬೀಜ ನೆಟ್ಟು ನಾಲ್ಕು ದಿನ ಮಲಗಿ ಎದ್ದೆ. ಪೂರ್ತಿ ಒಂದು ಸಾಲು, ಹಸುರು ಎಲೆ, ಕೆಂಪು ದಂಟು.

"ಹೋಯ್, ಇಲ್ಲಿ ಬನ್ನಿ!" ಎಂದು ಕೂಗಿದೆ. ನಮ್ಮವರು ಸೋಫಾ ಬಿಟ್ಟು ಎದ್ದು ಬಂದು, ಕನ್ನಡಕ ಏರಿಸಿ, ಬಹಳ ಹೊತ್ತು ನೋಡಿದರು. "ಬಸಳೆಯೇ," ಎಂದರು.

ಭಾನುವಾರ ನಂದೀಶ ಪಟ್ಟಿಯನ್ನು ಮೇಲಿಂದ ಕೆಳಗೆ ನೋಡಿ, "ಕೊನೇಲಿ ಇರೋದೇ ಗೆಲ್ಲತ್ತೆ ಅಂತ ಒಂದು ಮಾತು ನನ್ನನ್ನ ಕೇಳಿದ್ರೆ ಹೇಳ್ತಿದ್ನಲ್ಲ ಅತ್ತೆ," ಎಂದ. ಕೇಳಬಹುದಿತ್ತು. ಎದುರುಪಕ್ಷದವನನ್ನು ದಾರಿ ಕೇಳುವುದು ನನ್ನ ಜಾಯಮಾನವಲ್ಲ. ಬಸಳೆ-ಪುಂಡಿಯನ್ನು ಅವನು ಮುಖ ಕಿವುಚದೆ, ಕಣ್ಣು ಮುಚ್ಚಿಕೊಂಡು ತಿಂದ. ಕಣ್ಣು ಮುಚ್ಚಬಾರದು ಎಂದು ಒಪ್ಪಂದದಲ್ಲಿ ಹಾಕಿರಲಿಲ್ಲ, ಅದು ನನ್ನ ತಪ್ಪು. ಕಾರು ಖಾಲಿಯಾಗಿಯೇ ಕಾಮೋಠೆಗೆ ಹೋಯಿತು. ಕಂಪ್ಯೂಟರು ಹಾಲಿನಲ್ಲಿಯೇ ಉಂಟು, ಹೊಲವೂ ಉಂಟು, ಇನ್ನು ಯಾರೂ ಅದರ ಮಾತು ಎತ್ತುವಂತಿಲ್ಲ.

ಅದೇ ಸಂಜೆ ನಮ್ಮವರು ಮೆಲ್ಲಗೆ, "ಇದಕ್ಕೆ ನೀರು ಹಾಕುವುದು ಯಾವುದರಲ್ಲಿ?" ಎಂದು ಕೇಳಿದರು. ಯಾರಾದರೂ ಕೇಳಿದರೆ ಹೇಳದೆ ಇರಲು ನನಗೆ ಬರುವುದಿಲ್ಲ. ನೀರು, ಗೊಬ್ಬರ, ಹಸುವಿನ ಹಾಲು, ಎಲ್ಲವನ್ನೂ ವಿವರವಾಗಿ ಕಲಿಸಿಕೊಟ್ಟೆ. ಈಗ ದಿನಾ ನಾನು ಅಡಿಗೆ ಮುಗಿಸಿ, ಕೈ ಒರೆಸಿಕೊಂಡು ಹಾಲಿಗೆ ಬರುವಷ್ಟರಲ್ಲಿ ಸೋಫಾ ಖಾಲಿ, ಕುರ್ಚಿ ಭರ್ತಿ. ನಿನ್ನೆ ಅರ್ಧ ಗಂಟೆ ಕುರ್ಚಿಯ ಬೆನ್ನು ಹಿಡಿದುಕೊಂಡು ಹಿಂದೆ ನಿಂತೆ. ಕೊನೆಗೆ ಮೊಣಕಾಲು ನೋಯತೊಡಗಿ, ಎಲ್ಲಿ ಇಳಿಯುತ್ತೀರಿ ಎಂದು ಕೇಳಿಯೇಬಿಟ್ಟೆ.

ಅವರು ಪರದೆಯಿಂದ ಕಣ್ಣು ತೆಗೆಯದೆ ಹೇಳಿದರು: "ಕರ್ಜತ್."